ಕುಕ್ಕರಿನ ಮೂರನೇ ಕೂಗು

ಹರಪನಹಳ್ಳಿಯ ನಮ್ಮ ಮನೆಯ ಪಡಸಾಲೆಗೆ ಬಡಗಣದ ಕಡೆ ಒಂದೇ ಕಿಟಕಿ. ಅದರೊಳಗೆ ನೇರ ಬಿಸಿಲು ಬರುವುದಿಲ್ಲ. ಎದುರು ಮನೆಯವರ ಸುಣ್ಣದ ಗೋಡೆಗೆ ಬಡಿದು, ಕಾವು ಕಳೆದುಕೊಂಡು ವಾಪಸು ಬರುವ ಬೆಳಕಷ್ಟೇ ನಮ್ಮ ಪಾಲಿಗೆ. ಹೋದ ಬೇಸಿಗೆಯಲ್ಲಿ ನನ್ನ ಅಕ್ಕನ ಮಗ ಆ ಕಿಟಕಿಯ ಎದುರಿಗೆ ನಮ್ಮವ್ವನನ್ನು ಕೂರಿಸಿ ಸಿನಿಮಾ ತೆಗೆದ. ಜೋಳದ ಚೀಲಕ್ಕೆ ಫೋನು ಆನಿಸಿ, ಅವ್ವನ ಎರಡು ಕಣ್ಣು ಬಿಟ್ಟರೆ ಮತ್ತೇನೂ ಕಾಣದಂತೆ ಚೌಕಟ್ಟು ಕಟ್ಟಿದ. ಐದು ನಿಮಿಷದ ಚಿತ್ರ. ಮಾತಿಲ್ಲ, ಹಾಡಿಲ್ಲ. ಮಗ ಗುಳೆ ಹೋದ ಮೇಲೆ ಮನೆಯಲ್ಲಿ ಉಳಿದ ತಾಯಿಯ ಕತೆ ಅಂತೆ. ಕೂಡ್ಲಿಗಿ, ಹರಪನಹಳ್ಳಿ ಕಡೆಯವರಿಗೆ ಈ ಕತೆಯನ್ನು ಬಿಡಿಸಿ ಹೇಳಬೇಕಾಗಿಲ್ಲ.

"ಏನ್ ನೋಡ್ಲೋ ಅಪ್ಪಿ?" ಎಂದಳು ಅವ್ವ.

"ಏನೂ ನೋಡಬ್ಯಾಡ ಅಜ್ಜಿ. ಸುಮ್ನೆ ಕುಂದ್ರು."

ಈ ಹುಚ್ಚು ಅವನೊಬ್ಬನದಲ್ಲ. 2024ರಲ್ಲಿ ಮೈಸೂರಿನ ಚಿದಾನಂದ ಎಸ್. ನಾಯ್ಕ್, ವೈದ್ಯಕೀಯ ಓದಿ ಆಮೇಲೆ ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟ್ ಸೇರಿದವರು, ಕೋಳಿ ಕದ್ದ ಅಜ್ಜಿಯ ಜನಪದ ಕತೆಯನ್ನು ಕನ್ನಡದಲ್ಲೇ ಹದಿನಾರು ನಿಮಿಷದ ಚಿತ್ರ ಮಾಡಿ ಕಾನ್ ಚಿತ್ರೋತ್ಸವದ ವಿದ್ಯಾರ್ಥಿ ವಿಭಾಗದಲ್ಲಿ ಮೊದಲ ಬಹುಮಾನ ತಂದರು. ಅಂದಿನಿಂದ ಫೋನಿರುವ ಹುಡುಗರಿಗೆಲ್ಲ ತಮ್ಮ ತಮ್ಮ ಅಜ್ಜಿಯರ ಮೇಲೆ ಕಣ್ಣು ಬಿದ್ದಿದೆ.

ಚಿತ್ರ ಮುಗಿಯಿತು. ಟಿ.ವಿ.ಗೆ ಹಾಕಿ ಓಣಿಯ ನಾಲ್ಕು ಮನೆಯವರನ್ನು ಕರೆದು ತೋರಿಸಿದ. ಮೊದಲು ಅವ್ವನ ಕಣ್ಣು, ಆಮೇಲೆ ಹಿಂದೆ ಹೊಗೆ ಬಿಟ್ಟುಕೊಂಡು ಹೋಗುವ ಬೆಂಗಳೂರು ಬಸ್ಸು, ಮತ್ತೆ ಅವ್ವನ ಕಣ್ಣು. ಅಕ್ಕ ಸೆರಗಿನಿಂದ ಮೂಗು ಒರೆಸಿಕೊಂಡಳು. ಪಕ್ಕದ ಮನೆ ಚಿಗವ್ವ, "ಆ ಕಣ್ಣಾಗೆ ಎಷ್ಟು ಸಂಕಟ ಐತಿ ನೋಡ್ರಿ" ಅಂದಳು. ಎಲ್ಲರೂ ಅವ್ವನ ಕಡೆ ತಿರುಗಿದರು. ಅವ್ವ ಇದ್ದದ್ದು ಇದ್ದಂಗೆ ಹೇಳಿಬಿಟ್ಟಳು: "ಸಂಕಟ ಎಲ್ಲೈತವ್ವ? ಕುಕ್ಕರ್ ಎರಡು ಕೂಗಿತ್ತು. ಮೂರನೇದಕ್ಕೆ ಕಾಯ್ತಿದ್ದೆ. ಬ್ಯಾಳಿ ಹತ್ತಿದ್ರ ಯಾರು ತಿಂತಾರ?"

ಅಳಿಯನ ಮುಖ ಸಣ್ಣದಾಯಿತು. ನನಗೆ ಮಾತ್ರ ಕೂತಲ್ಲೇ ಮೈ ಜುಮ್ಮೆಂದಿತು. ಸಿನಿಮಾದವರು ನೂರು ವರ್ಷದಿಂದ ಹೇಳಿಕೊಂಡು ಬಂದಿರುವ ಒಂದು ಶೋಧ ನಮ್ಮ ಪಡಸಾಲೆಯಲ್ಲಿ, ತೊಗರಿ ಬೇಳೆಯ ಸಮಕ್ಷಮ, ಇನ್ನೊಂದು ಸಲ ನಡೆದುಹೋಗಿತ್ತು.

ಆ ಶೋಧ ಲೆವ್ ಕುಲೆಶೋವ್ ಎಂಬ ರಷ್ಯನ್ನನ ಹೆಸರಿನಲ್ಲಿದೆ. 1899ರಲ್ಲಿ ಹುಟ್ಟಿದವ. ಕ್ರಾಂತಿಯಾದಾಗ ಅವನಿಗೆ ನಮ್ಮ ಅಳಿಯನಿಗಿಂತ ಹೆಚ್ಚು ವಯಸ್ಸಾಗಿರಲಿಲ್ಲ. ಮಾಸ್ಕೋದಲ್ಲಿ 1919ರಲ್ಲಿ ಸರ್ಕಾರಿ ಸಿನಿಮಾ ಶಾಲೆ ಶುರುವಾಯಿತು, ಅಲ್ಲಿ ಅವನದೊಂದು ಗುಂಪು ಕಟ್ಟಿಕೊಂಡಿತು. ಅಂತರ್ಯುದ್ಧದ ಕಾಲ, ಕಚ್ಚಾ ಫಿಲ್ಮಿಗೆ ಬರ. ಕ್ಯಾಮೆರಾ ಇದ್ದರೂ ಒಳಗೆ ಹಾಕಲು ಏನೂ ಇಲ್ಲ. ಫಿಲ್ಮೇ ಇಲ್ಲದ ಸಿನಿಮಾವನ್ನು ವೇದಿಕೆಯ ಮೇಲೆ ಆಡಿ ತೋರಿಸಿ ಶಿಷ್ಯರು ಪಾಠ ಕಲಿಯುತ್ತಿದ್ದರು. ಕೈಗೆ ಸಿಕ್ಕ ಹಳೆಯ ಸಿನಿಮಾಗಳನ್ನು ಕತ್ತರಿಸಿ, ನಮ್ಮ ಹೆಣ್ಣುಮಕ್ಕಳು ಹಳೇ ಸೀರೆ ಹರಿದು ಕೌದಿ ಹೊಲಿಯುವಂತೆ, ತುಂಡಿಗೆ ತುಂಡು ಸೇರಿಸಿ ನೋಡುತ್ತಿದ್ದರು. ಬಡತನದಿಂದ ಹುಟ್ಟಿದ ವಿದ್ಯೆ ಅದು.

ಹಾಗೆ ಸಿಕ್ಕ ತುಂಡೊಂದರಲ್ಲಿ ಇವಾನ್ ಮೊಜ್ಜುಖಿನ್‌ನ ಮುಖವಿತ್ತು. ರಾಜರ ಕಾಲದ ರಷ್ಯದಲ್ಲಿ ಅವನು ಮನೆಮಾತು, ತಿಳಿಬಣ್ಣದ ಕಣ್ಣುಗಳಿಗೆ, ಬೇಕೆಂದಾಗ ತುಂಬಿಕೊಳ್ಳುವ ಕಣ್ಣೀರಿಗೆ ಹೆಸರುವಾಸಿ. 1920ರ ಹೊತ್ತಿಗೆ ದೇಶ ಬಿಟ್ಟು ಹೋಗಿದ್ದ. ಕುಲೆಶೋವ್ ಆರಿಸಿಕೊಂಡದ್ದು ಆ ಮುಖ ಏನನ್ನೂ ಹೇಳದೆ ಸುಮ್ಮನೆ ನೋಡುವ ಒಂದು ತುಂಡನ್ನು. ಅದನ್ನೇ ಮೂರು ಕಡೆ ಅಂಟಿಸಿದ. ಒಂದರ ಪಕ್ಕ ಸೂಪಿನ ತಟ್ಟೆ, ಇನ್ನೊಂದರ ಪಕ್ಕ ಶವಪೆಟ್ಟಿಗೆಯಲ್ಲಿ ಮಲಗಿದ ಹೆಂಗಸು, ಮತ್ತೊಂದರ ಪಕ್ಕ ಗೊಂಬೆ ಕರಡಿ ಹಿಡಿದು ಆಡುವ ಪುಟ್ಟ ಹುಡುಗಿ. ನೋಡಿದವರು ನಟನನ್ನು ಹೊಗಳಿದ್ದೇ ಹೊಗಳಿದ್ದು. ಮರೆತ ಸೂಪಿನ ಮುಂದೆ ಎಂಥ ಚಿಂತೆ, ಹೆಣದ ಮುಂದೆ ಎಂಥ ದುಃಖ, ಮಗುವಿನ ಮುಂದೆ ಎಂಥ ತೆಳುನಗೆ!

ಈ ಕತೆಯನ್ನು ಲೋಕಕ್ಕೆ ಹಬ್ಬಿಸಿದವನು ಶಿಷ್ಯ ಪುಡೋವ್ಕಿನ್, 1929ರಲ್ಲಿ ಲಂಡನ್ನಿನಲ್ಲಿ ಮಾಡಿದ ಭಾಷಣದಲ್ಲಿ. ಕುಲೆಶೋವ್ ಮುದುಕನಾದ ಮೇಲೆ ತಾನೇ ನೆನೆದು ಹೇಳಿದ ಕತೆಯಲ್ಲಿ ವಿವರಗಳು ಬೇರೆ. ಆ ಫಿಲ್ಮು ಮಾತ್ರ ಯಾರ ಬಳಿಯೂ ಇಲ್ಲ. ನಮ್ಮೂರಿನ ಕಟ್ಟೆಯ ಮೇಲೆ ಇಂಥ ಕತೆ ಹೇಳಿದ್ದರೆ "ಸಾಕ್ಷಿ ಎಲ್ಲೈತಿ?" ಅಂತ ಯಾರಾದರೂ ಕೇಳದೆ ಬಿಡುತ್ತಿರಲಿಲ್ಲ. ವಿದ್ವಾಂಸರೂ ಕೇಳಿದರು. 1992ರಲ್ಲಿ ಸ್ಟೀಫನ್ ಪ್ರಿನ್ಸ್, ವೇಯ್ನ್ ಹೆನ್ಸ್ಲಿ ಎಂಬ ಅಮೆರಿಕದ ಇಬ್ಬರು ಈ ಪ್ರಯೋಗವನ್ನು ಹೊಸದಾಗಿ ಮಾಡಿ ನೋಡಿದರೆ, ಪ್ರೇಕ್ಷಕರು ಮುಖದಲ್ಲಿ ಅಂಥದ್ದೇನೂ ಕಾಣಲಿಲ್ಲ ಅಂದರು. 2006ರಲ್ಲಿ ಡೀನ್ ಮಾಬ್ಸ್ ಮತ್ತು ಸಂಗಡಿಗರು ನೋಡುಗರ ಮಿದುಳನ್ನೇ ಸ್ಕ್ಯಾನ್ ಮಾಡುತ್ತ ಪರೀಕ್ಷಿಸಿದಾಗ, ಪಕ್ಕದ ದೃಶ್ಯಕ್ಕೆ ತಕ್ಕಂತೆ ಮುಖದ ಅರ್ಥ ಬದಲಾಗುವುದು ಸಿಕ್ಕಿತು. ಎಂದರೆ, ಆಗುತ್ತದೆ, ಆದರೆ ಪುಡೋವ್ಕಿನ್ ಹೇಳಿದಷ್ಟು ಸಲೀಸಾಗಿ ಆಗುವುದಿಲ್ಲ. ನನಗನಿಸುವುದು ಇಷ್ಟು: ಲ್ಯಾಬಿನಲ್ಲಿ ಕೂತವರಿಗೆ ಆ ಮುಖದ ಹಂಗಿಲ್ಲ. ನಮ್ಮ ಚಿಗವ್ವನಿಗೆ ಹಂಗಿತ್ತು. ಅವಳ ಮಗನೂ ಬೆಂಗಳೂರಲ್ಲಿ ಗಾರೆ ಕೆಲಸದಲ್ಲಿದ್ದಾನೆ. ಅವಳು ಅವ್ವನ ಕಣ್ಣಿನೊಳಗೆ ತನ್ನದನ್ನೇ ಸುರಿದು, ತನ್ನದನ್ನೇ ಮೊಗೆದುಕೊಂಡಳು.

ಆಟ, ನಾಟಕ ನಮ್ಮ ಕಡೆ ಹೊಸತಲ್ಲವಲ್ಲ, ಇದು ಮೊದಲೇ ಯಾಕೆ ಗೊತ್ತಾಗಲಿಲ್ಲ ಎಂದು ಅಳಿಯ ಕೇಳಿದ. ಒಳ್ಳೆಯ ಪ್ರಶ್ನೆ. ಬಯಲಾಟದಲ್ಲಿ ಕಣ್ಣಿಗಿರುವ ಕೆಲಸವೇ ಬೇರೆ. ರಾತ್ರಿಯಿಡೀ ಆಡುವ ದೊಡ್ಡಾಟದಲ್ಲಿ ಕಡೇ ಸಾಲಿನವನು ಮೈದಾನದ ಆ ತುದಿಯಲ್ಲಿ ಕಂಬಳಿ ಹೊದ್ದು ಕೂತಿರುತ್ತಾನೆ. ಅವನ ತನಕ ಮುಟ್ಟಬೇಕೆಂದರೆ ಕಣ್ಣಿನ ಸುತ್ತ ಕಪ್ಪು ಬಳಿದು, ಗುಡ್ಡೆ ಹೊರಳಿಸಿ, ಕಣ್ಣನ್ನೇ ಎಸೆಯಬೇಕು. ಅಲ್ಲಿ ಕಣ್ಣು ಬಾಣ. ತೊಗಲುಗೊಂಬೆಯಲ್ಲಾದರೆ ಕಣ್ಣಿನ ಸುತ್ತ ಕೊರೆದ ಸಣ್ಣ ತೂತುಗಳಿಂದ ಹಿಂದಿನ ದೀಪವೇ ಇಣುಕುತ್ತದೆ. ಬಳ್ಳಾರಿಯ ಬೆಳಗಲ್ಲು ವೀರಣ್ಣನವರ ಗೊಂಬೆಯಾಟ ನೋಡಿದವರಿಗೆ ಇದು ಗೊತ್ತು. ಹಡಗಲಿ ತಾಲೂಕಿನ ಕುರುವತ್ತಿಯ ಮಲ್ಲಿಕಾರ್ಜುನ ಗುಡಿಯ ಮದನಿಕೆಯರನ್ನು ನೋಡಿ: ಸೊಂಟ, ಬೆರಳು, ಕೊರಳು ಎಲ್ಲವೂ ಮಾತಾಡುತ್ತವೆ, ಕಣ್ಣು ಮಾತ್ರ ನಯವಾದ ಕಲ್ಲು. ಅದಕ್ಕೆ ಕರಿ ಇಲ್ಲ, ಬಿಳಿ ಇಲ್ಲ. ಹೊಸಪೇಟೆಯಿಂದ ಈ ಕಡೆ ಬರುವ ದಾರಿಯ ಮರಿಯಮ್ಮನಹಳ್ಳಿ ವೃತ್ತಿನಾಟಕಕ್ಕೆ ಹೆಸರಾದ ಊರು. ಅಲ್ಲಿನ ಮಂಜಮ್ಮ ಜೋಗತಿ 2021ರ ನವೆಂಬರಿನಲ್ಲಿ ಪದ್ಮಶ್ರೀ ಪಡೆಯಲು ಹೋದಾಗ ಮೊದಲು ಸೆರಗು ಹಿಡಿದು ರಾಷ್ಟ್ರಪತಿಗೇ ದೃಷ್ಟಿ ತೆಗೆದದ್ದನ್ನು ದೇಶವೆಲ್ಲ ನೋಡಿತು. ನಮ್ಮವರಿಗೆ ಕಣ್ಣು ಅಂದರೆ ಹೊರಗೆ ಹೋಗಿ ತಾಗುವ ವಸ್ತು. ಒಳಗೆ ಏನಿದೆ ಅಂತ ಹತ್ತಿರ ಬಂದು ನೋಡುವ ಸಲಿಗೆ ಕೊಟ್ಟದ್ದು ಕ್ಯಾಮೆರಾ.

ಹತ್ತಿರ ಬಂದ ಕೂಡಲೇ ಕ್ಯಾಮೆರಾಕ್ಕೆ ಎಲ್ಲ ಕಂಡಿತು ಅಂತಲೂ ಅಲ್ಲ. 1920ರ ದಶಕದ ನಡುವಿನ ತನಕ ಬಳಕೆಯಲ್ಲಿದ್ದ ಫಿಲ್ಮಿಗೆ ಕೆಂಪು ಕಾಣುತ್ತಿರಲಿಲ್ಲ, ನೀಲಿ ವಿಪರೀತ ಬೆಳ್ಳಗೆ ಕಾಣುತ್ತಿತ್ತು. ನೀಲಿ ಕಣ್ಣಿನ ನಟಿ ತೆರೆಯ ಮೇಲೆ ಬಂದರೆ ಪೊರೆ ಬಂದ ಮುದುಕಿಯ ಹಾಗೆ. ಎಲ್ಲ ಬಣ್ಣಕ್ಕೂ ಸ್ಪಂದಿಸುವ ಫಿಲ್ಮು ಬಂದ ಮೇಲೆ ಆ ಕಾಟ ತಪ್ಪಿತು. ನಮ್ಮಂಥ ಕರಿಗಣ್ಣಿನವರ ತೊಂದರೆ ಬೇರೆ ಥರದ್ದು. ಹುಬ್ಬಿನ ಕೆಳಗೆ ನೆರಳು ಬಿದ್ದರೆ ಕಣ್ಣು ಎರಡು ಗುಂಡಿಯಾಗುತ್ತದೆ. ಆ ಗುಂಡಿಯಲ್ಲಿ ಸಾಸಿವೆ ಕಾಳಿನಷ್ಟು ಬೆಳಕು ಹೊಳೆಯಬೇಕು. ಹೊಳೆದರೆ ಜೀವ, ಇಲ್ಲದಿದ್ದರೆ ಹೆಣ.

ಈ ಸಾಸಿವೆ ಕಾಳಿನ ಕತೆಯಲ್ಲಿ ಮುಂಬೈಯಲ್ಲಿ ಹುಟ್ಟಿದವಳೊಬ್ಬಳಿದ್ದಾಳೆ. ಮೆರ್ಲ್ ಒಬೆರಾನ್, ಜನನ 1911. ಭಾರತದ ಮೂಲವನ್ನು ಬದುಕಿಡೀ ಬಚ್ಚಿಟ್ಟು ಹಾಲಿವುಡ್ಡಿನಲ್ಲಿ ತಾರೆಯಾದವಳು. 1937ರ ಕಾರು ಅಪಘಾತದಲ್ಲಿ ಮುಖಕ್ಕೆ ಗಾಯದ ಕಲೆ ಉಳಿಯಿತು. 1944ರ ಚಿತ್ರವೊಂದರಲ್ಲಿ ಛಾಯಾಗ್ರಾಹಕ ಲೂಸಿಯನ್ ಬ್ಯಾಲರ್ಡ್ ಕ್ಯಾಮೆರಾದ ಪಕ್ಕದಲ್ಲೇ ಒಂದು ಪುಟ್ಟ ದೀಪ ಕಟ್ಟಿ ನೇರ ಅವಳ ಮುಖಕ್ಕೆ ಬಿಟ್ಟ. ಕಲೆ ಮರೆಯಾಯಿತು. ಜೊತೆಗೆ ಕಣ್ಣೊಳಗೆ ಚುಕ್ಕಿ ಬೆಳಗಿತು. ಗಾಯ ಮುಚ್ಚಲು ಹೋಗಿ ಕಣ್ಣು ತೆರೆದಂತಾಯಿತು. ಆ ದೀಪಕ್ಕೆ ಇವತ್ತಿಗೂ ಅವಳ ಹೆಸರಿನ ತುಂಡೇ ಹೆಸರು: 'ಓಬಿ'. ಮರು ವರ್ಷ ಬ್ಯಾಲರ್ಡ್ ಅವಳನ್ನು ಮದುವೆಯಾದ, ಅದು ಬಿಡಿ.

ನಮ್ಮಲ್ಲಿ ಈ ಕೆಲಸ ಹಿಡಿದವರಲ್ಲಿ ಒಬ್ಬರು ಮೈಸೂರಿನಲ್ಲಿ 1923ರಲ್ಲಿ ಹುಟ್ಟಿದ ವಿ.ಕೆ. ಮೂರ್ತಿ. ಬೆಂಗಳೂರಿನ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ ಛಾಯಾಗ್ರಹಣ ಕಲಿತು ಮುಂಬೈಗೆ ಹೋದರು. 1951ರ 'ಬಾಜಿ'ಯಲ್ಲಿ ಸಹಾಯಕರಾಗಿದ್ದಾಗ ಬೆಂಗಳೂರಿನಲ್ಲೇ ಹುಟ್ಟಿದ ನಿರ್ದೇಶಕ ಗುರುದತ್ತರ ಕಣ್ಣಿಗೆ ಬಿದ್ದರು. ಮರುವರ್ಷದ 'ಜಾಲ್'ನಿಂದ ಅವರ ಛಾಯಾಗ್ರಾಹಕರಾದರು. ಗುರುದತ್ತರಿಗೆ ನಟನೆಯ ಬಹುಪಾಲು ಕಣ್ಣಿನಲ್ಲೇ ನಡೆಯುತ್ತದೆ ಎಂಬ ನಂಬಿಕೆ. ಅದಕ್ಕಾಗಿ ಕ್ಯಾಮೆರಾವನ್ನು ಮುಖಕ್ಕೆ ತಂದು ಒತ್ತದೆ, ದೂರ ನಿಲ್ಲಿಸಿ, 75 ಎಂ.ಎಂ., 100 ಎಂ.ಎಂ. ಉದ್ದದ ಲೆನ್ಸಿನಲ್ಲಿ ಮುಖವನ್ನು ಹತ್ತಿರ ತರುತ್ತಿದ್ದರು. ಹಿಂದಿನದೆಲ್ಲ ಮಂಜಾಗಿ ಕರಗುತ್ತದೆ, ಮೂಗು ಉಬ್ಬುವುದಿಲ್ಲ, ನೋಡುವವನಿಗೆ ಕಣ್ಣು ಬಿಟ್ಟರೆ ಬೇರೆ ಗತಿ ಇರುವುದಿಲ್ಲ. 1957ರ 'ಪ್ಯಾಸಾ' ನೋಡಿದರೆ ಸಾಕು. ಛಾಯಾಗ್ರಾಹಕನೊಬ್ಬನಿಗೆ ಫಾಲ್ಕೆ ಪ್ರಶಸ್ತಿ ಮೊದಲು ಬಂದದ್ದು ಈ ಮೂರ್ತಿಯವರಿಗೇ, 2008ನೇ ಸಾಲಿನದು.

ಅತ್ತ ಬಂಗಾಳದಲ್ಲಿ ಛಾಯಾಗ್ರಾಹಕ ಸುಬ್ರತ ಮಿತ್ರ ಇದ್ದರು. ಅವರು ತೆಗೆದ 'ಪಥೇರ್ ಪಾಂಚಾಲಿ'ಯಲ್ಲಿ ಹುಡುಗ ಅಪು ಮೊದಲು ಕಾಣುವುದು ಒಂದು ಕಣ್ಣಾಗಿ. ಹರಿದ ಹೊದಿಕೆಯ ತೂತಿನಲ್ಲಿ ಅಕ್ಕ ದುರ್ಗಾ ಅವನ ರೆಪ್ಪೆ ಬಿಡಿಸುತ್ತಾಳೆ, ಕಣ್ಣು ಫಕ್ಕನೆ ತೆರೆಯುತ್ತದೆ. ಮುಂದಿನ ಚಿತ್ರ 'ಅಪರಾಜಿತೋ' (1956) ಹೊತ್ತಿಗೆ ಕಾಶಿಯ ಮನೆಯ ಅಂಗಳವನ್ನು ಸ್ಟುಡಿಯೋದಲ್ಲಿ ಕಟ್ಟಬೇಕಾಯಿತು. ಮೇಲಿನಿಂದ ಇಳಿಯುವ ಮೆತ್ತನೆ ಬೆಳಕು ಬೇಕು. ಮಿತ್ರ ಅಂಗಳದ ನೆತ್ತಿಗೆ ಬಿಳಿ ಬಟ್ಟೆ ಕಟ್ಟಿ, ದೀಪಗಳನ್ನು ಕೆಳಗಿನಿಂದ ಬಟ್ಟೆಗೆ ಹಾಯಿಸಿ, ಅಲ್ಲಿಂದ ಬಡಿದು ಬಂದ ಬೆಳಕಿನಲ್ಲಿ ಚಿತ್ರ ತೆಗೆದರು. ಇದನ್ನು ಹೇಳುವಾಗ ಅಳಿಯ ಎದುರು ಮನೆಯ ಸುಣ್ಣದ ಗೋಡೆ ನೋಡಿದ. ನಾನೂ ನೋಡಿದೆ.

ಅವ್ವನ ಎಡಗಣ್ಣಿಗೆ ಪೊರೆ ತೆಗೆಸಿ ಲೆನ್ಸ್ ಹಾಕಿಸಿ ಆರು ವರ್ಷವಾಯಿತು. ಚಿತ್ರದಲ್ಲಿ ಆ ಕಣ್ಣು ಬಲಗಣ್ಣಿಗಿಂತ ಚೂರು ಜಾಸ್ತಿ ಮಿಂಚುತ್ತಿತ್ತು. ಕೂರಿಸಿದ ಲೆನ್ಸು ಬೆಳಕನ್ನು ಹಾಗೆ ತಿರುಗಿಸುತ್ತದೆ. ಚಿಗವ್ವನಿಗೆ ಕಂಡ ಕಣ್ಣೀರಿನ ತೇವದಲ್ಲಿ ಸ್ವಲ್ಪ ಪಾಲು ಅದರದ್ದೂ ಇರಬೇಕು. ಕಣ್ಣಿನ ನಡುವಿನ ಕರಿ ಚುಕ್ಕಿಗೆ ಕನ್ನಡದಲ್ಲಿ ಪಾಪೆ ಅಂತ ಹೆಸರು. ಪಾಪೆ ಅಂದರೆ ಬೊಂಬೆಯೂ ಹೌದು. ಇನ್ನೊಬ್ಬರ ಕಣ್ಣಿಗೆ ಅಷ್ಟು ಹತ್ತಿರ ಹೋಗಿ, ಅಲ್ಲಿ ಬೊಂಬೆಯಷ್ಟು ಪುಟ್ಟ ಆಕೃತಿ ಕಂಡ ಯಾರೋ ಇಟ್ಟ ಹೆಸರಿರಬೇಕು. 2004ರಲ್ಲಿ ಅಮೆರಿಕದ ಕೊಲಂಬಿಯಾ ವಿಶ್ವವಿದ್ಯಾಲಯದ ಕೊ ನಿಶಿನೊ, ಶ್ರೀ ನಾಯರ್ ಎಂಬ ಕಂಪ್ಯೂಟರ್ ವಿಜ್ಞಾನಿಗಳು, ಫೋಟೋದಲ್ಲಿರುವ ಕಣ್ಣಿನ ಹೊಳಪಿನಿಂದಲೇ ಆ ಮನುಷ್ಯನ ಸುತ್ತ ಏನೇನಿತ್ತು ಎಂಬುದನ್ನು ಹೊರತೆಗೆಯುವ ಲೆಕ್ಕ ಕೊಟ್ಟರು.

ಉಳಿದದ್ದು ರೆಪ್ಪೆ.

ಅಳಿಯ ಮೊದಲ ಸಲ ಎಡಿಟ್ ಮಾಡಿದಾಗ ಅವ್ವ ರೆಪ್ಪೆ ಬಡಿದಲ್ಲೆಲ್ಲ ಕತ್ತರಿಸಿ ಎಸೆದಿದ್ದ. ಒಂದೊಂದು ಬಡಿತಕ್ಕೆ ಎಂಟೊಂಬತ್ತು ಫ್ರೇಮು. ಅಡಚಣೆ ಅಂದುಕೊಂಡಿದ್ದ. ಕತ್ತರಿಸಿದ ಮೇಲೆ ನೋಡಿದರೆ ಅವ್ವ ಅವ್ವನ ಥರ ಇರಲಿಲ್ಲ, ಬೆಳ್ಳಿ ಕಣ್ಣು ಅಂಟಿಸಿದ ದೇವಿಯ ಥರ ಇದ್ದಳು. ಹೆದರಿ ಎಲ್ಲ ವಾಪಸು ಹಾಕಿದ. ಇದನ್ನು ಕೇಳಿದ ಮೇಲೆ ಅವನಿಗೆ ಫ್ರಾನ್ಸಿನ ಕ್ರಿಸ್ ಮಾರ್ಕರ್ 1962ರಲ್ಲಿ ಮಾಡಿದ 'ಲಾ ಜೆತೆ' ತೋರಿಸಿದೆ. ಇಪ್ಪತ್ತೆಂಟು ನಿಮಿಷದ ಚಿತ್ರ. ಅಷ್ಟೂ ನಿಂತ ಫೋಟೋಗಳು, ಹಿನ್ನೆಲೆಯಲ್ಲಿ ಒಂದು ದನಿ. ಒಂದು ಕಡೆ ಮಾತ್ರ, ಮಲಗಿದ ಹೆಂಗಸಿನ ಫೋಟೋಗಳು ಒಂದರೊಳಗೊಂದು ಕರಗುತ್ತ ಕರಗುತ್ತ ಬಂದು, ಅವಳು ಕಣ್ಣು ತೆರೆದು ರೆಪ್ಪೆ ಬಡಿಯುತ್ತಾಳೆ. ಕೆಲವೇ ಸೆಕೆಂಡು. ಇಡೀ ಚಿತ್ರದಲ್ಲಿ ಚಲಿಸುವುದು ಅದೊಂದೇ. ಅಳಿಯ ಕೂತಲ್ಲಿಂದ ಎದ್ದುಬಿಟ್ಟ. ಫೋನು, ಡ್ರೋನು ಎಲ್ಲ ಇರುವ ಹುಡುಗನನ್ನು ಎಬ್ಬಿಸಲು ಒಂದು ರೆಪ್ಪೆ ಸಾಕಾಯಿತು. ಅದಕ್ಕೂ ಮೊದಲು, 1943ರಲ್ಲಿ, ಅಮೆರಿಕದಲ್ಲಿ ಮಾಯಾ ಡೆರೆನ್ ಗಂಡನ ಜೊತೆ ಸೇರಿ ತಮ್ಮ ಮನೆಯಲ್ಲೇ ಹದಿನಾಲ್ಕು ನಿಮಿಷದ ಕನಸಿನ ಚಿತ್ರ ತೆಗೆದಾಗ, ಎಚ್ಚರದಿಂದ ಕನಸಿಗೆ ದಾಟಲು ಅವಳು ಬಳಸಿದ್ದೂ ಮೆಲ್ಲಗೆ ಮುಚ್ಚುವ ಒಂದು ಕಣ್ಣನ್ನೇ. (ನಿರ್ದೇಶಕ ಬುನ್ಯುಯೆಲ್ 1929ರಲ್ಲಿ ಕಣ್ಣಿಗೆ ಕ್ಷೌರದ ಕತ್ತಿ ಹಾಕಿದ್ದು ಸತ್ತ ಕರುವಿನ ಕಣ್ಣಿಗೆ. ಅದು ಪ್ರಸಿದ್ಧ ದೃಶ್ಯ, ಆದರೆ ಅಲ್ಲಿ ಕಣ್ಣು ಏನನ್ನೂ ಹೇಳುವುದಿಲ್ಲ, ಕಿರುಚುವವರು ನಾವು.)

ರೆಪ್ಪೆಯ ಗುಟ್ಟು ಹಿಡಿದವನು ಎಡಿಟರ್ ವಾಲ್ಟರ್ ಮರ್ಚ್. 1974ರಲ್ಲಿ ಬಂದ ಕೊಪೊಲಾನ 'ದ ಕಾನ್ವರ್ಸೇಶನ್' ಚಿತ್ರವನ್ನು ಕತ್ತರಿಸುತ್ತಿದ್ದಾಗ ಒಂದು ವಿಚಿತ್ರ ಗಮನಿಸಿದ. ನಟ ಜೀನ್ ಹ್ಯಾಕ್‌ಮನ್‌ನ ಶಾಟನ್ನು ಎಲ್ಲಿ ಮುಗಿಸಬೇಕು ಅಂತ ತಾನು ನಿರ್ಧರಿಸುತ್ತಾನೋ ಅದರ ಆಸುಪಾಸಿನಲ್ಲೇ ಹ್ಯಾಕ್‌ಮನ್ ರೆಪ್ಪೆ ಬಡಿದಿರುತ್ತಾನೆ. ಮತ್ತೆ ಮತ್ತೆ ಹಾಗೇ. ಒಂದು ದಿನ ರಾತ್ರಿಯಿಡೀ ಕೆಲಸ ಮಾಡಿ ಬೆಳಿಗ್ಗೆ ತಿಂಡಿಗೆ ಹೊರಟವನಿಗೆ ದಾರಿಯಲ್ಲಿ ಒಂದು ವಾಚನಾಲಯದ ಕಿಟಕಿಯಲ್ಲಿಟ್ಟ ಪತ್ರಿಕೆ ಕಂಡಿತು. ಅದರಲ್ಲಿ ನಿರ್ದೇಶಕ ಜಾನ್ ಹ್ಯೂಸ್ಟನ್ ಸಂದರ್ಶನ. ಹ್ಯೂಸ್ಟನ್ ಸಂದರ್ಶಕಿಗೆ ಆ ದೀಪ ನೋಡು, ನನ್ನ ನೋಡು, ಮತ್ತೆ ದೀಪ ನೋಡು ಅಂದು, ನಡುವೆ ನೀನು ರೆಪ್ಪೆ ಮುಚ್ಚಿದೆ, ಅದೇ ಸಿನಿಮಾದ ಕಟ್ ಅಂತ ತೋರಿಸಿಕೊಟ್ಟಿದ್ದ. ಮರ್ಚ್‌ಗೆ ತಾಳೆಯಾಯಿತು. ಒಂದು ಯೋಚನೆ ಮುಗಿದು ಇನ್ನೊಂದು ಶುರುವಾಗುವ ಸಂದಿಯಲ್ಲಿ ಮನುಷ್ಯ ರೆಪ್ಪೆ ಬಡಿಯುತ್ತಾನೆ. ನಟ ನಿಜಕ್ಕೂ ಯೋಚಿಸುತ್ತಿದ್ದರೆ ರೆಪ್ಪೆಯೇ ಅವನ ಯೋಚನೆಗೆ ಪೂರ್ಣವಿರಾಮ ಹಾಕುತ್ತದೆ. 2009ರಲ್ಲಿ ಜಪಾನಿನ ತಮಾಮಿ ನಕಾನೊ ತಂಡ ಜನರಿಗೆ ಮಿಸ್ಟರ್ ಬೀನ್ ತೋರಿಸಿ ಎಣಿಸಿದಾಗ, ನೋಡುವವರೂ ಕತೆಯ ಬಿಡುವುಗಳಲ್ಲಿ ಒಟ್ಟೊಟ್ಟಿಗೆ ರೆಪ್ಪೆ ಬಡಿಯುತ್ತಿದ್ದರು. ಕತೆಯಿಲ್ಲದ ಹಿನ್ನೆಲೆ ದೃಶ್ಯ ತೋರಿಸಿದಾಗ ಆ ಮೇಳ ತಪ್ಪಿತು.

ಅವ್ವನ ರಶ್ಶನ್ನು, ಎಂದರೆ ಕತ್ತರಿಸದ ಮೂಲ ತುಣುಕನ್ನು, ಹಾಕಿ ನಾವಿಬ್ಬರೂ ರೆಪ್ಪೆ ಎಣಿಸಿದೆವು. ಮೂರನೇ ಕೂಗಿಗೆ ಕಾಯುವಾಗ ಹೆಚ್ಚುಕಮ್ಮಿ ಬಡಿತವೇ ಇಲ್ಲ. ಕಿವಿ ಅಡುಗೆಮನೆಯಲ್ಲಿ, ಕಣ್ಣು ಎಲ್ಲೂ ಇಲ್ಲ. ಕೂಗು ಬಂತು, ಒಂದು ದೀರ್ಘ ಬಡಿತ, ಆಮೇಲೆ ದೃಷ್ಟಿ ಪಕ್ಕಕ್ಕೆ. ಅಳಿಯ ಗೊತ್ತಿಲ್ಲದೆ ಬಸ್ಸಿಗೆ ಕತ್ತರಿಸಿದ್ದು ಆ ಬಡಿತದ ಮೇಲೇ.

ದೃಷ್ಟಿ ಪಕ್ಕಕ್ಕೆ ಹೋದದ್ದು ನಮಗೆ ತಿಳಿದದ್ದಾದರೂ ಹೇಗೆ? ಬಿಳಿಗುಡ್ಡೆಯಿಂದ. ಹಿರೋಮಿ ಕೊಬಯಾಶಿ, ಶಿರೋ ಕೊಶಿಮಾ ಎಂಬ ಜಪಾನೀಯರು ಹತ್ತಾರು ಜಾತಿಯ ಕೋತಿ, ವಾನರಗಳ ಕಣ್ಣು ಅಳೆದು 1997ರಲ್ಲಿ ಬರೆದರು: ಅವುಗಳಲ್ಲಿ ಬಹುತೇಕಕ್ಕೆ ಗುಡ್ಡೆಯ ಸುತ್ತ ಕಂದು, ಮನುಷ್ಯನಿಗೆ ಅಚ್ಚ ಬಿಳುಪು, ಅದೂ ಅಗಲವಾಗಿ ತೆರೆದದ್ದು. ಎತ್ತ ನೋಡುತ್ತೇವೆ ಎಂಬುದನ್ನು ಮುಚ್ಚಿಡುವ ಕಣ್ಣು ಅವುಗಳದ್ದು, ಬಿಟ್ಟುಕೊಡುವ ಕಣ್ಣು ನಮ್ಮದು. ಕೆಲವು ಚಿಂಪಾಂಜಿಗಳಿಗೂ ಬಿಳುಪು ಇದೆ ಅಂತ ಆಮೇಲೆ ತಕರಾರು ಬಂತು, ಆ ಚರ್ಚೆ ನಡೆಯುತ್ತಲೇ ಇದೆ. ಎತ್ತ ನೋಡುತ್ತದೆ ಎಂಬುದನ್ನು ಬಿಟ್ಟುಕೊಡುವ ಕಣ್ಣು ಸಿನಿಮಾದಲ್ಲಿ ಏನು ಮಾಡಬಲ್ಲದು ಎಂಬುದಕ್ಕೆ ನಮ್ಮಲ್ಲೇ ಉದಾಹರಣೆ ಇದೆ. ಗಿರೀಶ ಕಾಸರವಳ್ಳಿ ಪುಣೆಯಲ್ಲಿ ವಿದ್ಯಾರ್ಥಿಯಾಗಿದ್ದಾಗ ಮಾಡಿದ ಕಿರುಚಿತ್ರ 'ಅವಶೇಷ್'ಗೆ ರಾಷ್ಟ್ರಪ್ರಶಸ್ತಿ ಬಂತು. ಆಮೇಲೆ 1977ರಲ್ಲಿ 'ಘಟಶ್ರಾದ್ಧ' ಮಾಡಿದರು. ಅಲ್ಲಿ ಯಮುನಕ್ಕನಿಗೆ ಆಗುವುದನ್ನೆಲ್ಲ ನೋಡುವ ನಾಣಿ ಎಂಬ ಹುಡುಗ ಹೆಚ್ಚು ಮಾತಾಡುವುದಿಲ್ಲ. ಅವನ ಗುಡ್ಡೆ ಎತ್ತ ಹೊರಳಿತೋ ಅತ್ತ ನಮ್ಮ ಜೀವ ಹೊರಳುತ್ತದೆ. ಕುಲೆಶೋವ್‌ನನ್ನು ಮಾಸ್ಕೋದಿಂದ ಕರೆಸುವ ಅಗತ್ಯವಿಲ್ಲ, ಕನ್ನಡದಲ್ಲೇ ಪಾಠ ಇದೆ ಅಂತ ಅಳಿಯನಿಗೆ ಹೇಳಿದೆ. ನೋಡುತ್ತೇನೆ ಅಂದಿದ್ದಾನೆ. ಇನ್ನೂ ನೋಡಿಲ್ಲ.

ಅವನು ಚಿತ್ರವನ್ನು ಮತ್ತೆ ಕಟ್ಟಿದ. ಬಸ್ಸು ತೆಗೆದು, ಅದರ ಜಾಗಕ್ಕೆ ಒಲೆಯ ಮೇಲಿನ ಕುಕ್ಕರನ್ನೇ ಹಾಕಿದ. ಓಣಿಯವರು ಬಿದ್ದು ಬಿದ್ದು ನಕ್ಕರು. ಕಣ್ಣು ಅದೇ, ಒಂದು ಫ್ರೇಮೂ ಬದಲಿಲ್ಲ. ಮೂರನೇದೊಂದು ಮಾಡಿದ: ಪಕ್ಕದಲ್ಲಿ ಏನೂ ಇಲ್ಲ, ಕಣ್ಣು ಮಾತ್ರ, ಎರಡು ನಿಮಿಷ, ಕಡೆಗೆ ಕಣ್ಣೊಂದೇ ತೆರೆ ತುಂಬುವಷ್ಟು ಹಿಗ್ಗಿಸಿ. ಇದನ್ನು ತೋರಿಸಿದಾಗ ಯಾರೂ ಅಳಲಿಲ್ಲ, ನಗಲಿಲ್ಲ. ಚಿಗವ್ವ ಎದ್ದು ಹೋಗಿ ಚಹಾಕ್ಕೆ ಇಟ್ಟಳು.

ಅವ್ವ ಮಾತ್ರ ಮಣೆ ಎಳೆದುಕೊಂಡು ಟಿ.ವಿ.ಯ ಹತ್ತಿರ ಸರಿದಳು. ಲೆನ್ಸ್ ಹಾಕಿಸಿದ ಕಣ್ಣನ್ನು ತೆರೆಗೆ ಹಿಡಿದು, ತನ್ನದೇ ಪಾಪೆಯೊಳಗೆ ಬೆರಳಿಟ್ಟಳು. ಅಲ್ಲಿ ಚೌಕಾಕಾರದ ಬೆಳ್ಳನೆ ಕಿಟಕಿ, ಅದರ ಮುಂದೆ ಫೋನಿನ ಮೇಲೆ ಬಗ್ಗಿದ ಒಂದು ಕರ್ರಗಿನ ಆಕೃತಿ, ತಲೆ ಅಂದರೆ ಕಾಗೆ ಗೂಡು.

"ಇದ್ಯಾರಲೇ ಒಳಗ ನಿಂತಾನ?" ಅಂದಳು. ಒಂದು ಗಳಿಗೆ ದಿಟ್ಟಿಸಿ, ಹಿಂದೆ ತಿರುಗಿ ಮೊಮ್ಮಗನನ್ನು ನೋಡಿದಳು. "ಕಟಿಂಗ್ ಮಾಡಿಸ್ಕ್ಯಾ ಅಂತ ಎಷ್ಟ್ ಸಲ ಹೇಳ್ಬೇಕೋ ನಿನಗ?"